ಫರ್ನೋಕ್ ಕಣಿವೆಯ ನಶ್ಯದ ಡಬ್ಬಿ – ಕಂತು ೯: ಎದ್ದು ಇಳಿದ ಬೆರಳು

ಎದುರಿನಿಂದ ಬಂದ ಮೀನಿನ ವ್ಯಾನು ಪಕ್ಕಕ್ಕೆ ಸರಿದು ದಾರಿ ಬಿಟ್ಟಿತು. ಎಫಿ ಲಾರಿಮರ್ ಸ್ಟೀರಿಂಗ್ ಮೇಲಿಂದ ತೋರುಬೆರಳನ್ನು ಒಂದಿಷ್ಟು ಎತ್ತಿ ಇಳಿಸಿದಳು. ಅದೇ ಕ್ಷಣ ಅವಳ ಎಡಗಡೆ ಕೂತಿದ್ದ ಗಿರಾಕಿಯ ತೋರುಬೆರಳೂ ಮೊಣಕಾಲ ಮೇಲಿಂದ ಎದ್ದು ಇಳಿಯಿತು.

ಎಫಿ ನೋಡಿದಳು. ನೋಡಲೇ ಇಲ್ಲವೆಂಬಂತೆ ಗೇರು ಬದಲಿಸಿದಳು.

ಫರ್ನೋಕ್ ಕಣಿವೆಯ ರಸ್ತೆ ಒಂದೇ ಗಾಡಿಯಷ್ಟು ಅಗಲ. ಎರಡು ಗಾಡಿ ಎದುರಾದರೆ ಯಾರಾದರೊಬ್ಬರು ಬದಿಯ ಸಣ್ಣ ಜಾಗಕ್ಕೆ ಸರಿದು ನಿಲ್ಲಬೇಕು, ದಾರಿ ಬಿಟ್ಟವರಿಗೆ ಇನ್ನೊಬ್ಬರು ಬೆರಳೆತ್ತಬೇಕು. ಪ್ರವಾಸಿಗಳು ಇಡೀ ಕೈ ಬೀಸುತ್ತಾರೆ, ಪಾಪ. ಒಂದೇ ಬೆರಳು ಎತ್ತುವವರು ಈ ಗುಡ್ಡಗಳಲ್ಲಿ ಗಾಡಿ ಓಡಿಸಿ ಬೆಳೆದವರು. ಅದೆಷ್ಟು ಮೈಗೂಡಿದ ರೂಢಿಯೆಂದರೆ, ಜಗಳವಾಡಿ ಮಾತು ಬಿಟ್ಟ ದಾಯಾದಿಗಳೂ ರಸ್ತೆಯಲ್ಲಿ ಎದುರಾದರೆ ಮೋರೆ ತಿರುಗಿಸಿಕೊಂಡೇ ಬೆರಳೆತ್ತಿ ಹೋಗುತ್ತಾರೆ.

ಈತನಾದರೋ ವಿಕ್ಟರ್ ಹಾಲಂ, ಕೆನಡಾದ ಟೊರಾಂಟೊದವನು. ಸ್ಕಾಟ್ಲೆಂಡಿಗೆ ಕಾಲಿಟ್ಟದ್ದು ಇದೇ ಮೊದಲು ಎಂದು ಬೆಳಗಿನಿಂದ ಮೂರು ಸಲ ಹೇಳಿದ್ದ. ಯಾರೂ ಕೇಳದೆಯೇ ಹೇಳಿದ್ದ.

ಹದಿನಾರು ದಿನಗಳ ಹಿಂದೆ ಇದೇ ಕಣಿವೆಯ ಹಳೆ ಶಾಲೆಯಿಂದ, ಈಗದು ಪುಟ್ಟ ವಸ್ತುಸಂಗ್ರಹಾಲಯ, ಟಗರಿನ ಕೊಂಬಿನ ನಶ್ಯದ ಡಬ್ಬಿ ಕಳುವಾಗಿತ್ತು. ಬಾಗಿಲು ಮುರಿದಿರಲಿಲ್ಲ, ಬೀಗದಕೈ ಇದ್ದದ್ದು ಮೇಲ್ವಿಚಾರಕ ರೂರಿಯೊಬ್ಬನ ಬಳಿ. ರೂರಿ ಎಫಿಯ ತಮ್ಮ. ಸೋಮವಾರ ಟ್ರಸ್ಟಿನವರು ಕೂತು ಅವನ ಹಣೆಬರಹ ಬರೆಯಲಿದ್ದರು. ಕೆಲಸ ಹೋದರೆ ಕೆಲಸದ ಜೊತೆ ಕೊಟ್ಟ ಮನೆಯೂ ಹೋಗುತ್ತದೆ. ಮಾನ ಆಗಲೇ ಅರ್ಧ ಹೋಗಿತ್ತು. ಇವತ್ತು ಶುಕ್ರವಾರ.

ತಮ್ಮನೆಂದರೆ ಎಫಿಗೆ ಪ್ರಾಣ. ತಾಯಿ ತೀರಿಕೊಂಡಾಗ ಅವನಿಗೆ ನಾಲ್ಕು ವರ್ಷ, ಇವಳಿಗೆ ಹನ್ನೊಂದು. ಅವನ ಬೂಟಿನ ದಾರ ಕಟ್ಟಿ ಬೆಳೆಸಿದವಳು ಇವಳು. ಅವನು ಕದ್ದ ಎಂದು ಊರಿಗೆ ಊರೇ ಪಿಸುಗುಟ್ಟಿದಾಗ ಇವಳೊಬ್ಬಳು ಅಂಗಡಿಯ ನಡುವೆ ನಿಂತು, ಕಳ್ಳನನ್ನು ಹಿಡಿದು ತಂದು ನಿಮ್ಮ ಮುಂದೆ ನಿಲ್ಲಿಸುತ್ತೇನೆ, ಆಮೇಲೆ ನಿಮ್ಮ ನಾಲಿಗೆಗೆ ಏನು ಮಾಡಿಕೊಳ್ಳುತ್ತೀರೋ ನೋಡೋಣ ಎಂದಿದ್ದಳು.

ಬೆಳಿಗ್ಗೆ ಎಂಟಕ್ಕೆ ಎಡಿನ್‌ಬರೋದಲ್ಲಿ ಈ ಹಾಲಂ ಹತ್ತಿದಾಗಿನಿಂದಲೇ ಅವಳಿಗೆ ಏನೋ ಕಸಿವಿಸಿ. ಇಡೀ ದಿನಕ್ಕೆ ಗಾಡಿಯನ್ನೂ ಅವಳನ್ನೂ ಒಬ್ಬನೇ ಗೊತ್ತುಮಾಡಿಕೊಂಡ ಮನುಷ್ಯ ಸ್ಟರ್ಲಿಂಗ್ ಕೋಟೆಯ ಮೇಲೆ ನಿಂತು ಗಡಿಯಾರ ನೋಡಿದ. ಕಿಲಿಕ್ರ್ಯಾಂಕಿಯಲ್ಲಿ, ಪ್ರಾಣ ಉಳಿಸಿಕೊಳ್ಳಲು ಸೈನಿಕನೊಬ್ಬ ಹೊಳೆಯನ್ನೇ ಹಾರಿದ ಜಾಗದಲ್ಲಿ, ಎಫಿ ತನ್ನ ಕಥೆಯನ್ನು ಮೈದುಂಬಿ ಹೇಳಿದಳು. ಅದೇ ಕಥೆಗೆ ಜರ್ಮನಿಯ ಮುದುಕಿಯರು ಕಣ್ಣೊರೆಸಿಕೊಂಡಿದ್ದಾರೆ. ಈತ ಆಕಳಿಸಿದ. ಹತ್ತೊಂಬತ್ತು ವರ್ಷದ ಗೈಡಿನ ಕಸುಬಿನಲ್ಲಿ, ಕೈಯಾರೆ ದುಡ್ಡು ಕೊಟ್ಟು ಬಂದು ಹೀಗೆ ಬೇಸರಪಡುವವನನ್ನು ಅವಳು ಕಂಡಿರಲಿಲ್ಲ.

ಅವನು ಕೇಳಿ ಬರೆಸಿದ್ದು ಒಂದೇ ಜಾಗ. ಫರ್ನೋಕ್ ಘಟ್ಟದ ತುದಿಯ ಕಲ್ಲುಗುಪ್ಪೆ. ಎಲ್ಲೋ ಚಿತ್ರ ನೋಡಿದೆ, ಚೆನ್ನಾಗಿತ್ತು ಎಂದಿದ್ದ. ಆ ಕಲ್ಲುಗುಪ್ಪೆಯ ಚಿತ್ರ ಯಾವ ಪ್ರವಾಸಿ ಪುಸ್ತಕದಲ್ಲೂ ಇಲ್ಲವೆಂದು ಎಫಿಗೆ ಗೊತ್ತು. ಹಾಕಿಸಬೇಕೆಂದು ಅವಳೇ ಆರು ವರ್ಷದಿಂದ ಒದ್ದಾಡುತ್ತಿದ್ದಳು.

ಹುಟ್ಟುಗುಣ ಸುಟ್ಟರೂ ಹೋಗದು. ಆ ಬೆರಳು ಎದ್ದ ಗಳಿಗೆಯಿಂದ ಅವಳ ಕಸಿವಿಸಿ ಹೋಯಿತು, ಎದೆಯಲ್ಲಿ ಬೇಟೆಯ ಗೆಲುವು ಬಂದು ಕೂತಿತು.

ಕಣಿವೆಯ ಊರಿನಲ್ಲಿ ಚಹಾದಂಗಡಿಯ ಮುಂದೆ ಗಾಡಿ ನಿಲ್ಲಿಸಿದಳು. ಎದುರಿಗೇ ಹಳೆ ಶಾಲೆ, ಬಾಗಿಲಿಗೆ 'ತಾತ್ಕಾಲಿಕವಾಗಿ ಮುಚ್ಚಿದೆ' ಎಂಬ ಚೀಟಿ. ಇತಿಹಾಸ ನೋಡಲೆಂದು ಬಂದವನು ಅದೇನು ಕಟ್ಟಡ ಎಂದಾದರೂ ಕೇಳಬೇಕಲ್ಲ? ಹಾಲಂ ಆ ಕಡೆ ಕತ್ತು ಸಹ ತಿರುಗಿಸಲಿಲ್ಲ. ಸೂಪಿನ ಬಟ್ಟಲಿನಲ್ಲಿ ಏನೋ ಬರೆದಿದೆ ಎಂಬಂತೆ ಅದನ್ನೇ ನೋಡುತ್ತ ಉಂಡ. ಕಳ್ಳನ ಮನಸ್ಸು ಹುಳ್ಳುಳ್ಳಗೆ ಅನ್ನುವುದು ಸುಮ್ಮನೆ ಅಲ್ಲ.

ಕೈ ತೊಳೆದು ಬರುತ್ತೇನೆಂದು ಎಫಿ ಅಡುಗೆಮನೆಗೆ ಹೋಗಿ ಅಲ್ಲಿಯ ಫೋನಿನಿಂದ ಸಾರ್ಜೆಂಟ್ ಪೆಟ್ರಿಗೆ ಮಾತಾಡಿದಳು. ಪೆಟ್ರಿ ಡಂಡೀ ಪೇಟೆಯವನು, ಈ ಕಡೆಗೆ ವರ್ಗವಾಗಿ ಬಂದು ಎಂಟು ತಿಂಗಳಾಗಿತ್ತು. ಬೆರಳೆತ್ತಿದ ಅಂತ ಒಬ್ಬನನ್ನು ಹಿಡಿಯುವುದಾದರೆ ತಾನು ಅರ್ಧ ಜಿಲ್ಲೆಯನ್ನೇ ಲಾಕಪ್ಪಿಗೆ ಹಾಕಬೇಕಾಗುತ್ತದೆ ಎಂದು ನಕ್ಕ. ಎಫಿ ನಗಲಿಲ್ಲ. ಮೂರು ಗಂಟೆಗೆ ಘಟ್ಟದ ತುದಿಗೆ ಬನ್ನಿ, ಸೈರನ್ ಹಾಕಬೇಡಿ, ಬರದಿದ್ದರೆ ಸೋಮವಾರ ನಾನೇ ಪತ್ರಿಕೆಯವರನ್ನು ಕರೆದು ಕಳ್ಳನನ್ನು ತೋರಿಸುತ್ತೇನೆ ಎಂದು ಹೇಳಿ ಫೋನ್ ಇಟ್ಟಳು.

ಘಟ್ಟ ಹತ್ತುವಾಗ ಅವಳು ಇನ್ನೊಂದು ಗಾಳ ಎಸೆದಳು.

ಸೆಪ್ಟೆಂಬರಿನ ಬಿಸಿಲು ಗುಡ್ಡದ ಮೇಲೆ ಮಲಗಿತ್ತು. ಹೀದರ್ ಹೂಗಳು ಬಣ್ಣ ಕಳೆದುಕೊಂಡು ಕಂದುತ್ತಿದ್ದವು. ಎಫಿ ಗೈಡಿನ ಸಿಹಿ ದನಿಯಲ್ಲಿ ಸುಳ್ಳನ್ನು ಸುರುಳಿ ಬಿಚ್ಚಿದಂತೆ ಬಿಚ್ಚಿದಳು. ಕಲ್ಲುಗುಪ್ಪೆ ಬಲು ಪುಣ್ಯದ್ದು, ಬಂದವರೆಲ್ಲ ಅದರಿಂದ ಒಂದೊಂದು ಕಲ್ಲು ತೆಗೆದುಕೊಂಡು ಮನೆಗೆ ಒಯ್ಯುತ್ತಾರೆ, ನೀವೂ ಒಂದು ಒಳ್ಳೆಯ ಕಲ್ಲು ಆರಿಸಿಕೊಳ್ಳಿ, ನಿಮ್ಮ ಮನೆಯಾಕೆಗೆ ಖುಷಿಯಾಗುತ್ತದೆ ಎಂದಳು.

"ತೆಗೆಯೋದಾ?" ಹಾಲಂ ಥಟ್ಟನೆ ತಿರುಗಿದ. "ಅಲ್ಲಿಂದ ಕಲ್ಲು ತೆಗೀಬಾರ್ದು. ಹಾಕ್ಬೇಕು."

ಹೇಳಿದ ಮೇಲೆ ತುಟಿ ಕಚ್ಚಿಕೊಂಡ. ಎಲ್ಲೋ ಓದಿದ್ದೆ ಎಂದು ಸೇರಿಸಿದ. ಬೆಳಿಗ್ಗೆ ಇದೇ ಮನುಷ್ಯ, ಕಲ್ಲುಗುಪ್ಪೆ ಅಂದರೆ ಸಮಾಧಿಯೇ ಎಂದು ಕೇಳಿದ್ದ. ಎಫಿ ಹೌದಾ, ಒಳ್ಳೆಯದು ಎಂದು ತಲೆಯಾಡಿಸಿದಳು.

ಘಟ್ಟದ ತುದಿಯಲ್ಲಿ ಗಾಡಿ ನಿಲ್ಲಿಸಿ, ಫ್ಲಾಸ್ಕಿನಿಂದ ಚಹಾ ಬಗ್ಗಿಸಿಕೊಂಡು, ನೀವು ಹೋಗಿ ನೋಡಿ ಬನ್ನಿ, ನನ್ನ ಮೊಣಕಾಲು ನೋಯುತ್ತಿದೆ ಎಂದಳು. ಅವಳ ಮೊಣಕಾಲು ಗಟ್ಟಿಮುಟ್ಟಾಗಿತ್ತು. ಹಾಲಂ ಹೊರಟ. ಹಾಕಬೇಕು ಎಂದವನ ಕೈಯಲ್ಲಿ ಹಾಕಲು ಒಂದು ಕಲ್ಲೂ ಇರಲಿಲ್ಲ. ಕಲ್ಲುಗುಪ್ಪೆಯ ಮುಂಭಾಗದಲ್ಲಿ ನಿಂತು ಸುತ್ತಲಿನ ನೋಟ ನೋಡುವವನಂತೆ ಎರಡು ನಿಮಿಷ ನಟಿಸಿ, ನಿಧಾನವಾಗಿ ಹಿಂಬದಿಗೆ ಸರಿದ.

ಎಫಿ ಚಹಾ ಮುಗಿಸಿದಳು, ಗಾಡಿಯ ಕೀಲಿ ತೆಗೆದು ಕೋಟಿನ ಒಳಜೇಬಿಗೆ ಹಾಕಿಕೊಂಡಳು, ಹುಲ್ಲಿನ ಮೇಲೆ ಸದ್ದಿಲ್ಲದೆ ನಡೆದು ಹೋದಳು.

ಅವನು ಮಂಡಿಯೂರಿ ಕೂತು ಬುಡದ ಐದಾರು ಕಲ್ಲು ಸರಿಸಿದ್ದ. ಮೊಣಕೈವರೆಗೆ ತೋಳು ಒಳಗಿತ್ತು. ಅದು ಹೊರಗೆ ಬಂದಾಗ ಕೈಯಲ್ಲಿ ಬ್ರೆಡ್ಡಿನ ಪ್ಲಾಸ್ಟಿಕ್ ಚೀಲ ಸುತ್ತಿದ ಒಂದು ಗಂಟಿತ್ತು.

"ಚಳಿಗಾಲದಲ್ಲಿ ಈ ಮೂಲೆಗೆ ನೀರು ನುಗ್ಗುತ್ತೆ," ಎಂದಳು ಎಫಿ ಹಿಂದಿನಿಂದ. "ಬಚ್ಚಿಡೋಕೆ ಒಳ್ಳೆ ಜಾಗ ಅಲ್ಲ. ಇಲ್ಲಿ ಬೆಳೆದೋರಿಗೆ ಅಷ್ಟೂ ನೆನಪಿರಬೇಡ್ವಾ?"

ಅವನು ಏಳಲಿಲ್ಲ. ಗಂಟನ್ನು ಎದೆಗೆ ಒತ್ತಿಕೊಂಡು ಕುಳಿತಲ್ಲೇ ಕುಳಿತ.

"ಏನ್ ಹೇಳ್ತಿದೀರೋ ಅರ್ಥ ಆಗ್ತಿಲ್ಲ ಮೇಡಂ. ನಾನು ಕೆನಡಾದೋನು."

"ಕೆನಡಾದಿಂದ ಬಂದಿದೀರಿ, ಸರಿ. ಹೋಗಿದ್ದು ಎಲ್ಲಿಂದ? ಮೀನಿನ ವ್ಯಾನಿನವನಿಗೆ ಬೆರಳೆತ್ತಿದಿರಿ. ಟೊರಾಂಟೊದಲ್ಲಿ ಅದನ್ನ ಯಾರು ಕಲಿಸಿದ್ರು?"

ಅವನು ತನ್ನ ಬಲಗೈ ಬೆರಳನ್ನೇ ನೋಡಿಕೊಂಡ. ಆಮೇಲೆ ಗಡ್ಡದೊಳಗೆ ಸಣ್ಣಗೆ ನಕ್ಕ. ಸಿಕ್ಕಿಬಿದ್ದವನ ನಗೆ ಅದು, ಅದರಲ್ಲಿ ಸ್ವಲ್ಪ ಹೆಮ್ಮೆಯೂ ಇತ್ತು.

"ಮೂವತ್ತೆಂಟು ವರ್ಷ ಆಯ್ತು ಇಲ್ಲಿ ಗಾಡಿ ಓಡಿಸಿ," ಎಂದ. "ಹಾಳು ಬೆರಳು. ನಾನು ಟಾಮ್ ಗೌ. ಅಂಚೆ ವ್ಯಾನು ಓಡಿಸ್ತಿದ್ದೆ."

ಎಫಿಗೆ ನೆನಪಾಯಿತು. ಇಪ್ಪತ್ತೆರಡರ ತೆಳ್ಳನೆಯ ಹುಡುಗ, ಕೆಂಪು ವ್ಯಾನು, ಪ್ರತಿ ಗೇಟಿನ ಮುಂದೆ ಎರಡು ಸಲ ಹಾರ್ನು. ಒಂದು ದಿನ ಯಾರಿಗೂ ಹೇಳದೆ ಕೆನಡಾಕ್ಕೆ ಹೊರಟುಹೋಗಿದ್ದ. ಈಗ ಅರವತ್ತರ ಗಡ್ಡದ ಹಿಂದೆ ಅವನನ್ನು ಹುಡುಕಬೇಕಿತ್ತು.

ಗೌ ಏನನ್ನೂ ಮುಚ್ಚಿಡಲಿಲ್ಲ. ಓಡಲು ಕೀಲಿಯಿಲ್ಲ, ನಡೆಯಲು ಹನ್ನೊಂದು ಮೈಲಿ. ಮುಚ್ಚಿಟ್ಟು ಆಗಬೇಕಾದ್ದೂ ಇರಲಿಲ್ಲ. ಹದಿನಾರು ದಿನದ ಹಿಂದೆ, ರೂರಿ ಬೀಗ ಹಾಕಿ ಊಟಕ್ಕೆ ಹೋದ ಹೊತ್ತು ನೋಡಿ, ಹಿಂದಿನ ಕಿಟಕಿಯಿಂದ ಒಳಗೆ ಹೋಗಿದ್ದ. ಆ ಕಿಟಕಿಯ ಚಿಲಕ ಚಾಕುವಿನ ತುದಿಗೆ ಬಿಚ್ಚುತ್ತದೆಂದು ಆ ಶಾಲೆಯಲ್ಲಿ ಓದಿದ ಪೋಕರಿಗಳಿಗೆಲ್ಲ ಗೊತ್ತು. ಗಾಜಿನ ಪೆಟ್ಟಿಗೆಗೆ ಬೀಗವನ್ನೇ ಹಾಕಿರಲಿಲ್ಲವಂತೆ. ಡಬ್ಬಿ ಜೇಬಿಗೆ ಹಾಕಿಕೊಂಡು ಗುಡ್ಡ ಹತ್ತಿದ. ಮೇಲಿಂದ ನೋಡಿದರೆ ಸೇತುವೆಯ ಹತ್ತಿರ ಆಗಲೇ ಪೊಲೀಸರು ಪ್ರತಿಯೊಬ್ಬರ ಚೀಲ ಬಿಚ್ಚಿಸುತ್ತಿದ್ದರು. ಡಬ್ಬಿಯನ್ನು ಇಲ್ಲಿ ತುರುಕಿ ಬರಿಗೈಯಲ್ಲಿ ಇಳಿದುಹೋದ. ಆಮೇಲೆ ಪೊಲೀಸರು ಕಣಿವೆಗೆ ಬರುವ ಹೊಸ ಮುಖಗಳನ್ನೆಲ್ಲ ನಿಲ್ಲಿಸಿ ಹೆಸರು ಕೇಳತೊಡಗಿದರು. ವಾರಕ್ಕೆ ಮೂರು ಸಲ ಪ್ರವಾಸಿಗಳನ್ನು ಹೇರಿಕೊಂಡು ಬರುವ ಗೈಡುಗಳ ಗಾಡಿಗಳನ್ನು ಮಾತ್ರ ಯಾರೂ ತಡೆಯುವುದಿಲ್ಲ ಎಂದು ಹೋಟೆಲಿನಲ್ಲಿ ಕೇಳಿ ತಿಳಿದುಕೊಂಡಿದ್ದ.

"ಇದು ನಮ್ಮ ಮನೇದು," ಎಂದ ಗೌ, ಗಂಟನ್ನು ಬಿಡದೆ. "ನಮ್ಮ ಮುತ್ತಜ್ಜನ್ನ ಜಮೀನಿಂದ ಎಬ್ಬಿಸಿದಾಗ ಧಣಿ ಕಡೆಯೋರು ಇದನ್ನೂ ಎತ್ಕೊಂಡು ಹೋದ್ರು. ಆಮೇಲೆ ಶಾಲೆಗೆ ದಾನ ಕೊಟ್ವಿ ಅಂತ ಹೆಸರು ಮಾಡ್ಕೊಂಡ್ರು. ಕದ್ದ ಮಾಲನ್ನ ವಾಪಸ್ ತಗೊಂಡ್ರೆ ನಾನು ಕಳ್ಳನಾ?"

"ಅದನ್ನ ನ್ಯಾಯಾಧೀಶರ ಮುಂದೆ ಹೇಳು. ಕೇಳಿದ್ರೆ ಕೇಳಬಹುದು. ನಿನ್ನ ಮುತ್ತಜ್ಜನಿಗೆ ಅನ್ಯಾಯ ಆಯ್ತು ಅಂತ ನನ್ನ ತಮ್ಮ ಯಾಕೆ ಮನೆ ಬಿಡಬೇಕು?"

"ತಮ್ಮ?"

"ರೂರಿ ಮಕ್‌ಕ್ವಾರಿ. ಲಾರಿಮರ್ ಅನ್ನೋದು ನನ್ನ ಗಂಡನ ಮನೆ ಹೆಸರು."

ಗೌ ಅವಳ ಮುಖವನ್ನು ಮೊದಲ ಸಲ ನೆಟ್ಟಗೆ ನೋಡಿದ. ಬೆಳಗಿನಿಂದ ಆರೇಳು ಗಂಟೆ ಪಕ್ಕದಲ್ಲೇ ಕೂತಿದ್ದರೂ ನೋಡಿರಲಿಲ್ಲ.

"ಎರಡು ಜಡೆ ಎಫಿ ನೀನಾ ಮಾರಾಯ್ತಿ," ಎಂದ. "ಇಡೀ ದೇಶದಲ್ಲಿ ಅಷ್ಟು ಜನ ಗೈಡುಗಳಿದ್ರೂ ಬಂದು ನಿನ್ನ ಗಾಡಿನೇ ಹತ್ತಿದೆನಲ್ಲ."

ಅವನ ಹೆಗಲು ಇಳಿಯಿತು. ನಿನ್ನ ತಮ್ಮನ ಮೇಲೆ ಬರುತ್ತದೆಂದು ನನಗೆ ಗೊತ್ತಿರಲಿಲ್ಲ, ಗೊತ್ತಾದ ಮೇಲೆ ನಿದ್ದೆ ಬರಲಿಲ್ಲ ಎಂದ. ಎಫಿ ನಂಬಿದಳು, ಆದರೆ ಕರಗಲಿಲ್ಲ. ಕೈ ಚಾಚಿದಳು. ಗೌ ಗಂಟನ್ನು ಅವಳ ಅಂಗೈ ಮೇಲಿಟ್ಟ.

ಕೆಳಗಿನ ತಿರುವಿನಲ್ಲಿ ಪೊಲೀಸ್ ಗಾಡಿ ಕಾಣಿಸಿತು. ಸೈರನ್ ಇರಲಿಲ್ಲ. ಪೆಟ್ರಿಗೆ ಅಷ್ಟಾದರೂ ಬುದ್ಧಿಯಿತ್ತು.

ಎಫಿ ಪ್ಲಾಸ್ಟಿಕ್ ಬಿಚ್ಚಿದಳು. ಸುರುಳಿ ತಿರುಗಿದ ಕೊಂಬು, ಅದರ ಬಾಯಿಗೆ ಬೆಳ್ಳಿಯ ಮುಚ್ಚಳ, ಮುಚ್ಚಳದ ಮೇಲೆ ಮುಳ್ಳುಹೂವಿನ ಕೆತ್ತನೆ. ಕಣ್ಣು ತುಂಬಿ ಬಂತು. ಈ ಡಬ್ಬಿಯ ಕಥೆಯನ್ನು ಅವಳು ಸಾವಿರ ಸಲ ಹೇಳಿದ್ದಳು. ಕಲೊಡನ್ ಯುದ್ಧದಲ್ಲಿ ಸೋತು ಓಡಿ ಬಂದವನೊಬ್ಬ ಇದನ್ನು ಫರ್ನೋಕಿನಲ್ಲಿ ಬಿಟ್ಟು ಹೋದ ಎಂಬಲ್ಲಿಂದ ಅದು ಶುರುವಾಗುತ್ತದೆ. ಪ್ರವಾಸಿಗಳಿಗೆ ಹೇಳದ ಒಂದು ಕಥೆ ಊರಿನವರಿಗೇ ಮೀಸಲು. ಆ ಶಾಲೆಗೆ ಸೇರಿದ ಮೊದಲ ದಿನ ಮೇಷ್ಟ್ರು ಪ್ರತಿ ಮಗುವಿನ ಮೂಗಿಗೂ ಈ ಡಬ್ಬಿ ಹಿಡಿಯುತ್ತಿದ್ದರು. ಸೀನಿದರೇ ಹಾಜರಿ. ನಶ್ಯ ಖಾಲಿಯಾಗಿ ಇನ್ನೂರೈವತ್ತು ವರ್ಷ ಕಳೆದಿದ್ದರೂ ಕೊಂಬು ಆ ಘಾಟನ್ನು ಕುಡಿದುಬಿಟ್ಟಿತ್ತು. ಸೀನದ ಮಗುವೇ ಇರಲಿಲ್ಲ. ರೂರಿ ಒಂಬತ್ತು ಸಲ ಸೀನಿ ಅಕ್ಕನ ಲಂಗಕ್ಕೆ ಮೂಗು ಒರೆಸಿದ್ದ.

ಪೊಲೀಸರು ಚೀಲಕ್ಕೆ ಹಾಕಿ ಮೊಹರು ಮಾಡುವ ಮುಂಚೆ ಒಂದೇ ಒಂದು ಸಲ ಎಂದುಕೊಂಡು ಎಫಿ ಮುಚ್ಚಳ ತೆರೆದಳು, ಕಣ್ಣು ಮುಚ್ಚಿ ಮೂಗಿಗೆ ಹಿಡಿದು ಎಳೆದುಕೊಂಡಳು. ಸೀನಿಗೆ ಕಾದಳು.

ಬರಲಿಲ್ಲ.

ಗಾಳಿಗೆ ಬೆನ್ನು ಹಾಕಿ ಇನ್ನೊಮ್ಮೆ, ಎದೆ ತುಂಬ ಎಳೆದುಕೊಂಡಳು. ಘಾಟಿಲ್ಲ. ಬೇರೆಯೇ ಒಂದು ವಾಸನೆ ಮೆಲ್ಲಗೆ ಬಂತು, ಕೂದಲು ಸುಟ್ಟಂಥದ್ದು. ಹೊಸದಾಗಿ ಕಾಯಿಸಿ, ಅರದಿಂದ ಉಜ್ಜಿದ ಕೊಂಬಿನ ವಾಸನೆ. ಆ ವಾಸನೆ ಎಫಿಗೆ ಚೆನ್ನಾಗಿ ಗೊತ್ತಿತ್ತು. ಪ್ರತಿ ಚಳಿಗಾಲ ರೂರಿಯ ಕೊಟ್ಟಿಗೆಯಿಂದ ಅದು ಬರುತ್ತದೆ. ಕುರಿಗಾಹಿಗಳ ಕೋಲುಗಳಿಗೆ ಟಗರಿನ ಕೊಂಬಿನ ಹಿಡಿಕೆ ಮಾಡುವುದರಲ್ಲಿ ಆ ಸುತ್ತಿನಲ್ಲಿ ಅವನನ್ನು ಮೀರಿಸಿದವರಿಲ್ಲ.

ಅವಳು ಡಬ್ಬಿಯನ್ನು ಮೂಗಿನಿಂದ ದೂರ ಹಿಡಿದಳು.

"ಯಾಕೆ?" ಎಂದ ಗೌ. ಡಬ್ಬಿಯನ್ನು ಅವಳ ಕೈಯಿಂದಲೇ ಮೂಗಿಗೆ ಎಳೆದುಕೊಂಡ. ಮೂಸಿದ, ಮತ್ತೆ ಮೂಸಿದ. ಅವನೂ ಆ ಶಾಲೆಯ ಮಗುವೇ. ಅವನ ಮುಖದಲ್ಲಿ ಮೊದಲು ಗೊಂದಲ, ಆಮೇಲೆ ಸಿಟ್ಟು, ಕೊನೆಗೆ ಒಂದು ಬಗೆಯ ಕನಿಕರ ಬಂತು. ಆ ಕನಿಕರವನ್ನು ಕಂಡು ಎಫಿಗೆ ಅವನ ಕೆನ್ನೆಗೆ ಬಾರಿಸಬೇಕೆನ್ನಿಸಿತು.

"ಗಾಜಿನ ಪೆಟ್ಟಿಗೆಗೆ ಬೀಗ ಇರ್ಲಿಲ್ಲ ಅಂತ ಆಗ್ಲೇ ಹೇಳಿದ್ನಲ್ಲ," ಎಂದ ಮೆಲ್ಲಗೆ. "ಅಷ್ಟು ಸುಲಭವಾಗಿ ಸಿಕ್ತಲ್ಲ ಅಂತ ಆವತ್ತೇ ಅನ್ನಿಸಿತ್ತು. ನಾನು ಕಳ್ಳ, ಒಪ್ಕೊಂಡೆ ಎಫಿ. ಆದ್ರೆ ನನಗಿಂತ ಮುಂಚೆನೇ ಒಬ್ಬ ಕೈ ಹಾಕಿದಾನೆ."

"ಬಾಯಿ ಮುಚ್ಚು."

"ನಾನು ಮುಚ್ಚೇ ಇರ್ತೀನಿ. ಈಗ ಬಾಯಿ ತೆರೀಬೇಕಾದವಳು ನೀನು."

ಪೆಟ್ರಿ ಏದುಸಿರು ಬಿಡುತ್ತ ಹತ್ತಿ ಬಂದ, ಹಿಂದೆ ಒಬ್ಬ ಪೇದೆ. ಸರಿಸಿದ ಕಲ್ಲುಗಳನ್ನು ನೋಡಿದ, ಪ್ಲಾಸ್ಟಿಕ್ ಚೀಲ ನೋಡಿದ, ಎಫಿಯ ಕೈಯಲ್ಲಿದ್ದುದನ್ನು ನೋಡಿದ. ಅವನ ಕೆಂಪು ಮುಖ ಇನ್ನೂ ಕೆಂಪಾಯಿತು. ಎರಡು ವಾರ ರೂರಿಯನ್ನು ಠಾಣೆಗೆ ಎಳೆದಾಡಿಸಿದ್ದು ಇದೇ ಮನುಷ್ಯ. ಅದನ್ನು ಹೇಗೆ ಸರಿಮಾಡಬೇಕೆಂದು ಅವನಿಗೆ ತೋಚಿದಂತಿರಲಿಲ್ಲ. ಗೌ ಕೇಳುವ ಮೊದಲೇ, ಹೌದು, ಕಿಟಕಿಯಿಂದ ಹೋಗಿ ತೆಗೆದದ್ದು ನಾನೇ ಎಂದು ಎರಡೂ ಕೈ ಮುಂದೆ ಮಾಡಿದ. ಮತ್ತೇನೂ ಹೇಳಲಿಲ್ಲ. ಪೇದೆ ಅವನನ್ನು ಪಕ್ಕಕ್ಕೆ ಕರೆದುಕೊಂಡು ಹೋದ.

"ನಾನು ನಿಮ್ಮ ಮಾತಿಗೆ ನಕ್ಕುಬಿಟ್ಟೆ, ತಪ್ಪಾಯ್ತು ಮೇಡಂ," ಎಂದ ಪೆಟ್ರಿ, ಪುಸ್ತಕ ತೆಗೆಯುತ್ತ. "ಈ ಡಬ್ಬೀನ ನಿಮ್ಮಷ್ಟು ಚೆನ್ನಾಗಿ ಬಲ್ಲೋರು ಇನ್ನೊಬ್ಬರಿಲ್ಲ ಅಂತ ಟ್ರಸ್ಟಿನೋರೇ ಹೇಳಿದಾರೆ. ನೀವು ಹೌದು ಅಂದ್ರೆ ಸಾಕು, ನಿಮ್ಮ ತಮ್ಮನ ಮೇಲಿನ ಕೇಸು ಇಲ್ಲಿಗೇ ಮುಗೀತು. ಇದೇ ಅಂತ ಬರ್ಕೊಳ್ಳಲಾ?"

ಎಫಿ ಮುಚ್ಚಳದ ಮುಳ್ಳುಹೂವಿನ ಮೇಲೆ ಹೆಬ್ಬೆರಳಾಡಿಸಿದಳು. ಒಂದೇ ಒಂದು ಮಾತು. ಹೇಳಿದರೆ ಸೋಮವಾರ ರೂರಿ ತನ್ನ ಮನೆಯಲ್ಲಿ ತನ್ನ ಕುರ್ಚಿಯಲ್ಲಿ ಕೂತಿರುತ್ತಾನೆ. ಆದರೆ ಹತ್ತೊಂಬತ್ತು ವರ್ಷ ಗಾಜಿನಾಚೆ ನಿಂತು, ಇದು ಅಸಲಿ, ಇದು ನಮ್ಮದು ಎಂದು ಜಗತ್ತಿಗೆ ಹೇಳಿದವಳು ಅವಳೇ. ನಾಳೆಯಿಂದ ನಕಲಿಯನ್ನು ತೋರಿಸಿ ಅದೇ ಕಥೆ ಹೇಳಬೇಕು.

ಅವಳ ಮೌನವನ್ನು ಪೆಟ್ರಿ ಸಂತೋಷವೆಂದು ತಿಳಿದ. ಆ ತುದಿಯಲ್ಲಿ ಮಾತ್ರ ಮೊಬೈಲಿಗೆ ಸಿಗ್ನಲ್ ಸಿಗುತ್ತದೆ. ಅವನು ಪುಸ್ತಕವನ್ನು ಕಂಕುಳಿಗೆ ಸಿಕ್ಕಿಸಿಕೊಂಡು ನಂಬರ್ ಒತ್ತಿ, ಈ ಸುದ್ದಿಯನ್ನು ನೀವೇ ಹೇಳಬೇಕು, ಅದು ನಿಮ್ಮ ಹಕ್ಕು ಎಂದು ಫೋನನ್ನು ಅವಳ ಕೈಗಿತ್ತ.

"ರೂರಿ," ಎಂದಳು ಎಫಿ. "ಡಬ್ಬಿ ಸಿಕ್ತು ಕಣೋ. ಕಳ್ಳನೂ ಸಿಕ್ದ."

ಆ ಕಡೆಯಿಂದ ಕೂಗಾಟ ಬರಬೇಕಿತ್ತು, ನಗು ಬರಬೇಕಿತ್ತು, ಅಳುವಾದರೂ ಬರಬೇಕಿತ್ತು. ಯಾವುದೂ ಬರಲಿಲ್ಲ.

"ಅಕ್ಕಾ," ಎಂದ ರೂರಿ ಮೆಲ್ಲಗೆ, "ಮುಚ್ಚಳ ತೆಗೆದು ಮೂಸಿ ನೋಡಿದ್ಯಾ?"